ಗಳಿಗೆ ಬಟ್ಟಲಿನ ಕಾವಲುಗಾರರು

ಕಾಲವನ್ನು ವಶ ಮಾಡಿಕೊಂಡ ಮಾಂತ್ರಿಕರ ಕಥೆಗಳು ಹಲವು ದೇಶಗಳಲ್ಲಿವೆ. ಆದರೆ ಯಾವ ಮಂತ್ರವೂ ಇಲ್ಲದೆ ಊರಿನ ಕಾಲವನ್ನು ಕೈಯಲ್ಲಿ ಹಿಡಿದಿದ್ದ ಒಂದು ವರ್ಗ ನಮ್ಮ ದೇಶದಲ್ಲಿ ನಿಜವಾಗಿಯೂ ಇತ್ತು. ಅವರ ಬಳಿ ಇದ್ದ ಸಾಮಗ್ರಿ ಮೂರೇ: ಒಂದು ತಾಮ್ರದ ಬಟ್ಟಲು, ಒಂದು ಪಾತ್ರೆ ನೀರು, ಒಂದು ಜಾಗಟೆ.

ಬಟ್ಟಲಿನ ತಳದಲ್ಲಿ ಸೂಕ್ಷ್ಮವಾದ ರಂಧ್ರವಿರುತ್ತಿತ್ತು. ನೀರಿನ ಮೇಲೆ ತೇಲಿಬಿಟ್ಟರೆ ಆ ರಂಧ್ರದಿಂದ ನೀರು ನಿಧಾನವಾಗಿ ಒಳಸೇರಿ, ಬಟ್ಟಲು ತುಂಬಿ ಮುಳುಗುತ್ತಿತ್ತು. ಹಾಗೆ ಮುಳುಗಲು ಹಿಡಿಯುವ ಅವಧಿಯೇ ಒಂದು ಗಳಿಗೆ, ಅಂದರೆ ಇಂದಿನ 24 ನಿಮಿಷ. ಒಂದು ಹಗಲು ರಾತ್ರಿಯಲ್ಲಿ 60 ಬಾರಿ ಮುಳುಗುವ ಬಟ್ಟಲೇ ಸರಿಯಾದುದೆಂದು 'ಸೂರ್ಯಸಿದ್ಧಾಂತ' ಹೇಳುತ್ತದೆ. ಎರಡು ಗಳಿಗೆ ಸೇರಿದರೆ ಒಂದು ಮುಹೂರ್ತ, ಏಳೂವರೆ ಗಳಿಗೆಗೆ ಒಂದು ಜಾಮ.

ಸಾಧನ ಸರಳ, ಅದನ್ನು ಕಾಯುವ ಕೆಲಸ ಸರಳವಲ್ಲ. ನೀರಿನಲ್ಲಿ ಕಸವಿದ್ದರೆ ರಂಧ್ರ ಕಟ್ಟಿಕೊಳ್ಳುತ್ತದೆ. ಬಳಸುತ್ತ ಹೋದಂತೆ ರಂಧ್ರ ಸವೆದು ದೊಡ್ಡದಾಗುತ್ತದೆ. ತಣ್ಣೀರಿಗಿಂತ ಬೆಚ್ಚಗಿನ ನೀರು ಬೇಗ ಒಳನುಗ್ಗುತ್ತದೆ. ಬಟ್ಟಲು ಮುಳುಗಿದ ಕ್ಷಣವೇ ಅದನ್ನೆತ್ತಿ, ಬರಿದು ಮಾಡಿ, ಮತ್ತೆ ತೇಲಿಬಿಟ್ಟು, ಲೆಕ್ಕ ತಪ್ಪದಂತೆ ಜಾಗಟೆ ಬಾರಿಸಬೇಕು. ನಡುರಾತ್ರಿ ಒಬ್ಬ ಕಾವಲುಗಾರ ತೂಕಡಿಸಿದರೆ ಇಡೀ ಊರಿನ ಕಾಲವೇ ತಪ್ಪುತ್ತಿತ್ತು!

7ನೇ ಶತಮಾನದಲ್ಲಿ ಭಾರತಕ್ಕೆ ಬಂದ ಚೀನೀ ಯಾತ್ರಿಕ ಇತ್ಸಿಂಗ್, ನಾಲಂದಾದಲ್ಲಿ ಇಂಥ ಜಲಗಡಿಯಾರವಿದ್ದುದನ್ನು ವರ್ಣಿಸಿದ್ದಾನೆ. 16ನೇ ಶತಮಾನದಲ್ಲಿ ಬಾಬರನೂ ಜಾಗಟೆ ಬಾರಿಸುವವರ ಕ್ರಮವನ್ನು ಕುತೂಹಲದಿಂದ ಬರೆದಿಟ್ಟ. ರಾತ್ರಿ ಎಚ್ಚರವಾದವರಿಗೆ ಗಳಿಗೆಯ ಎಣಿಕೆ ಮಾತ್ರ ಕೇಳಿದರೆ ಯಾವ ಜಾಮವೆಂದು ತಿಳಿಯುವುದಿಲ್ಲ. ಆದ್ದರಿಂದ ಜಾಮದ ಸಂಖ್ಯೆಯನ್ನೂ ಬಾರಿಸಬೇಕೆಂದು ಅವನು ಆಜ್ಞೆ ಮಾಡಿದ. ಭಾಸ್ಕರಾಚಾರ್ಯರ ಮಗಳು ಲೀಲಾವತಿಯ ಮುತ್ತೊಂದು ಬಟ್ಟಲಿಗೆ ಬಿದ್ದು, ರಂಧ್ರ ಮುಚ್ಚಿ, ಮುಹೂರ್ತ ಮೀರಿಹೋಯಿತೆಂಬ ಕಥೆ ಎಲ್ಲರಿಗೂ ಗೊತ್ತು. ಅದು ಇತಿಹಾಸವಲ್ಲ, ದಂತಕಥೆ. ಆದರೂ ಬಟ್ಟಲಿನ ಮೇಲೆ ಜನರಿಗೆ ಎಷ್ಟು ಅವಲಂಬನೆ ಇತ್ತೆಂಬುದನ್ನು ಅದು ತೋರಿಸುತ್ತದೆ.

ಈ ಕಾವಲುಗಾರರನ್ನು ಅಳಿಸಿದ್ದು ಯಾವ ಶಾಪವೂ ಅಲ್ಲ. ಒಂದು ಕಡೆ ಯಂತ್ರದ ಗಡಿಯಾರ ಬಂತು, ಇನ್ನೊಂದು ಕಡೆ ರೈಲು. ಗಳಿಗೆಯ ಲೆಕ್ಕ ಆಯಾ ಊರಿನ ಸೂರ್ಯೋದಯದಿಂದ ಶುರುವಾಗುತ್ತಿತ್ತು. ಹಾಗಾಗಿ ಪ್ರತಿ ಊರಿಗೂ ಅದರದೇ ಕಾಲ. ಮಂಗಳೂರಿನ ನೆತ್ತಿಗೆ ಸೂರ್ಯ ಬರುವುದು ಬೆಂಗಳೂರಿಗಿಂತ ಸುಮಾರು 11 ನಿಮಿಷ ತಡವಾಗಿ. ಎತ್ತಿನ ಗಾಡಿಗೆ ಈ ವ್ಯತ್ಯಾಸ ಲೆಕ್ಕಕ್ಕಿರಲಿಲ್ಲ. ಆದರೆ 19ನೇ ಶತಮಾನದ ಕೊನೆಯ ದಶಕಗಳಲ್ಲಿ ಯಶವಂತಪುರ, ಯಲಹಂಕಗಳನ್ನು ಹಾದುಹೋಗತೊಡಗಿದ ರೈಲಿಗೆ ಎಲ್ಲ ನಿಲ್ದಾಣಗಳಲ್ಲೂ ಒಂದೇ ಕಾಲ ಬೇಕಿತ್ತು. 1906ರಲ್ಲಿ ಭಾರತೀಯ ಪ್ರಮಾಣ ಕಾಲಮಾನ ಜಾರಿಗೆ ಬಂತು. ಇಂದು ಯಲಹಂಕದಲ್ಲಿ ಒಂದು ಕೋಲು ನೆಟ್ಟು ನೋಡಿದರೆ, ನೆರಳು ಅತಿ ಗಿಡ್ಡವಾಗುವುದು ಹನ್ನೆರಡು ಗಂಟೆಗಲ್ಲ. ವರ್ಷದ ಸರಾಸರಿಯಲ್ಲಿ ಸುಮಾರು 12.20ಕ್ಕೆ. ಆ 20 ನಿಮಿಷವೇ ನಾವು ಬಿಟ್ಟುಕೊಟ್ಟ ನಮ್ಮೂರಿನ ಕಾಲ.

ಯಶವಂತಪುರದಾಚೆಯ ಜಾಲಹಳ್ಳಿಯಲ್ಲಿ ಇದೇ ಕಥೆ ಮತ್ತೊಮ್ಮೆ ನಡೆಯಿತು. ಜಪಾನಿನ ಸಿಟಿಜನ್ ಕಂಪೆನಿಯ ಸಹಯೋಗದಲ್ಲಿ 1961ರಲ್ಲಿ ಆರಂಭವಾದ ಎಚ್‌ಎಂಟಿ ಕೈಗಡಿಯಾರ ಕಾರ್ಖಾನೆ, ಪ್ರಮಾಣ ಕಾಲವನ್ನು ಲಕ್ಷಾಂತರ ಜನರ ಮಣಿಕಟ್ಟಿಗೆ ತಂದಿತು. ಕೂದಲೆಳೆಯಂಥ ಸ್ಪ್ರಿಂಗನ್ನು ಕೂರಿಸಬಲ್ಲ ಬೆರಳುಗಳು ಅಲ್ಲಿ ಪಳಗಿದವು. ಆಮೇಲೆ ಕ್ವಾರ್ಟ್ಜ್ ಬಂತು, ಮೊಬೈಲ್ ಬಂತು. 2016ರಲ್ಲಿ ಎಚ್‌ಎಂಟಿ ವಾಚಸ್ ಸಂಸ್ಥೆಯನ್ನು ಮುಚ್ಚಲು ಕೇಂದ್ರ ಸರ್ಕಾರ ಒಪ್ಪಿಗೆ ನೀಡಿತು. ಅದರ ಗಡಿಯಾರಗಳು ಈಗ ಜಾಲಹಳ್ಳಿಯ ವಸ್ತುಸಂಗ್ರಹಾಲಯದಲ್ಲಿವೆ.

ಸಾಧನಗಳನ್ನು ಗಾಜಿನ ಪೆಟ್ಟಿಗೆಯಲ್ಲಿ ಉಳಿಸಬಹುದು. ಕೈಗೆ ಹತ್ತಿದ ವಿದ್ಯೆಯನ್ನು ಹಾಗೆ ಉಳಿಸಲಾಗದು. ಎಚ್‌ಎಂಟಿಯ ಕುಶಲಕರ್ಮಿಗಳಲ್ಲಿ ಅನೇಕರು ಇನ್ನೂ ನಮ್ಮ ನಡುವೆ ಇದ್ದಾರೆ, ಕೇಳಿ ಬರೆದಿಟ್ಟುಕೊಳ್ಳಲು ಅವಕಾಶವಿದೆ. ಬಟ್ಟಲು ಕಾದವರ ವಿಷಯದಲ್ಲಿ ಆ ಅವಕಾಶ ಕಳೆದುಹೋಗಿದೆ. ಅವರ ಹೆಸರುಗಳನ್ನು ಯಾರೂ ನೆನಪಿಟ್ಟಿಲ್ಲ. ಹಲವು ಪಂಚಾಂಗಗಳ ಗಳಿಗೆ-ವಿಗಳಿಗೆಗಳ ಸಾಲುಗಳಲ್ಲಿ, 'ಒಂದು ಗಳಿಗೆ ಇರಿ' ಎನ್ನುವ ನಮ್ಮ ಮಾತಿನಲ್ಲಿ, ಅವರ ಬಟ್ಟಲು ಮಾತ್ರ ಇನ್ನೂ ತೇಲುತ್ತಿದೆ.