ಯುದ್ಧೋತ್ತರ ಜಪಾನೀ ಸಿನಿಮಾ ಮತ್ತು ಛಾಯಾಗ್ರಾಹಕ ಕಜುವೊ ಮಿಯಾಗಾವಾ

ಚಲನಚಿತ್ರವನ್ನು ನಿರ್ದೇಶಕನ ಕೃತಿಯೆಂದು ಪರಿಗಣಿಸುವುದು ವಿಮರ್ಶೆಯಲ್ಲಿ ರೂಢಿಯಾಗಿದೆ. ಎರಡನೆಯ ಮಹಾಯುದ್ಧದ ನಂತರದ ಜಪಾನೀ ಸಿನಿಮಾದ ಚರಿತ್ರೆಯನ್ನೂ ಬಹುಮಟ್ಟಿಗೆ ಅಕಿರಾ ಕುರೊಸಾವಾ, ಕೆಂಜಿ ಮಿಜೊಗುಚಿ, ಯಸುಜಿರೊ ಓಜು ಎಂಬ ಮೂರು ಹೆಸರುಗಳ ಸುತ್ತ ಕಟ್ಟಲಾಗಿದೆ. ಪರಸ್ಪರ ಭಿನ್ನ ಮಾರ್ಗದ ಈ ಮೂವರಿಗೂ ಕ್ಯಾಮೆರಾ ನಿರ್ವಹಿಸಿದವರು ಕಜುವೊ ಮಿಯಾಗಾವಾ (1908-1999). ಕುಶಲಕರ್ಮಿಯ ಹೆಸರು ಮರೆಯಾಗಿ ಮಾಡಿಸಿದವನ ಹೆಸರು ಉಳಿಯುವುದನ್ನು ಜನಪದ ಕಲೆಗಳ ಅಧ್ಯಯನದಲ್ಲಿ ಮತ್ತೆ ಮತ್ತೆ ಕಾಣಬಹುದು. ಯಂತ್ರಯುಗದ ಕಲೆಯಾದ ಸಿನಿಮಾ ಕೂಡ ಇದಕ್ಕೆ ಹೊರತಲ್ಲ. ಒಂದು ಪರಂಪರೆಯ ಕಸುಬುಜ್ಞಾನವು ಹೊಸ ಮಾಧ್ಯಮದೊಳಗೆ ಹೇಗೆ ಮುಂದುವರಿಯಿತು ಎಂಬುದನ್ನು ತಿಳಿಯಲು ಮಿಯಾಗಾವಾ ಅವರ ವೃತ್ತಿಜೀವನ ಉತ್ತಮ ನಿದರ್ಶನವಾಗಿದೆ.

ಮಿಯಾಗಾವಾ ಹುಟ್ಟಿದ್ದು ಹಳೆಯ ರಾಜಧಾನಿ ಕ್ಯೋಟೊದಲ್ಲಿ. ಬಾಲ್ಯದಲ್ಲಿ ಅವರು ಸಾಂಪ್ರದಾಯಿಕ ಮಸಿಚಿತ್ರಕಲೆಯನ್ನು ಅಭ್ಯಾಸ ಮಾಡಿದರು. ಈ ಕಲೆಯಲ್ಲಿ ಬಣ್ಣಗಳಿಲ್ಲ. ಕಪ್ಪು ಮಸಿಗೆ ನೀರು ಬೆರೆಸುವ ಪ್ರಮಾಣದಿಂದಲೇ ಗಾಢ ಕಪ್ಪಿನಿಂದ ತೆಳು ಬೂದಿಯವರೆಗಿನ ಛಾಯೆಗಳು ಮೂಡುತ್ತವೆ. ಬಿಳಿಯನ್ನು ಬಳಿಯುವುದಿಲ್ಲ, ಕಾಗದವನ್ನೇ ಬಿಡಲಾಗುತ್ತದೆ. 1926ರಲ್ಲಿ ನಿಕ್ಕಾತ್ಸು ಸಂಸ್ಥೆಯನ್ನು ಸೇರಿದ ಅವರ ಕೆಲಸ ಮೊದಲು ಫಿಲ್ಮ್ ಸಂಸ್ಕರಿಸುವ ಪ್ರಯೋಗಾಲಯದಲ್ಲಿತ್ತು. ಅನಂತರ ಸಹಾಯಕರಾಗಿ ದುಡಿದು 1935ರಲ್ಲಿ ಸ್ವತಂತ್ರ ಛಾಯಾಗ್ರಾಹಕರಾದರು. ಕುಂಚ ಮತ್ತು ಪ್ರಯೋಗಾಲಯ, ಈ ಎರಡು ಶಿಕ್ಷಣಗಳೇ ಅವರ ಮುಂದಿನ ಸಾಧನೆಯ ತಳಹದಿ.

ಹಿರೋಶಿ ಇನಾಗಾಕಿ ನಿರ್ದೇಶನದ 'ರಿಕ್ಷಾವಾಲಾ' (1943) ಅವರಿಗೆ ಹೆಸರು ತಂದಿತು. ಸೇನಾಧಿಕಾರಿಯ ವಿಧವೆಯನ್ನು ಒಬ್ಬ ರಿಕ್ಷಾ ಎಳೆಯುವವನು ಮೂಕವಾಗಿ ಪ್ರೀತಿಸುವ ಕಥೆ ಇದು. ಆ ಪ್ರೇಮವನ್ನು ಸೂಚಿಸುವ ಭಾಗಗಳನ್ನು ಯುದ್ಧಕಾಲದ ಸರ್ಕಾರ ಕತ್ತರಿಸಿತು. ಯುದ್ಧಾನಂತರ ಅಮೆರಿಕದ ಆಕ್ರಮಿತ ಆಡಳಿತವು ಬೇರೆ ಭಾಗಗಳನ್ನು ತೆಗೆಸಿತು. ಉಳಿದ ಚಿತ್ರದಲ್ಲಿ, ನಾಯಕನ ಬದುಕು ಮುಗಿಯುವ ಹೊತ್ತಿಗೆ ಒಂದರ ಮೇಲೊಂದು ಬಿಂಬಗಳು ಹಾಯ್ದುಹೋಗುವ ಭಾಗವು ಹೇಳಲಾಗದ್ದನ್ನು ಸೂಚಿಸುತ್ತದೆ. ಮಾತಿಗೆ ಕತ್ತರಿ ಬಿದ್ದ ಕಡೆ ಬಿಂಬವೇ ಕಥನವನ್ನು ಹೊತ್ತಿತೆಂಬುದು ಗಮನಾರ್ಹ.

1950ರಲ್ಲಿ ಕುರೊಸಾವಾ ಅವರ 'ರಾಶೊಮೊನ್' ಬಂದಿತು. ಅಕುತಾಗಾವಾ ಅವರ ಕಥೆಗಳನ್ನು ಆಧರಿಸಿದ ಈ ಚಿತ್ರದ ಬೇರು ಮಧ್ಯಕಾಲೀನ ಕಥಾಸಂಗ್ರಹದಲ್ಲಿದೆ. ನಾರಾ ಮತ್ತು ಕ್ಯೋಟೊ ಪರಿಸರದ ದಟ್ಟ ಕಾಡುಗಳಲ್ಲಿ ಚಿತ್ರೀಕರಣ ನಡೆಯಿತು. ಕಾಡಿನೊಳಗೆ ಬೆಳಕು ಸಾಲದಾದಾಗ ಮಿಯಾಗಾವಾ ಕನ್ನಡಿಗಳಿಂದ ಬಿಸಿಲನ್ನೇ ಪ್ರತಿಫಲಿಸಿ ನಟರ ಮುಖದ ಮೇಲೆ ಎಲೆಗಳ ನೆರಳು ಆಡುವಂತೆ ಮಾಡಿದರು. ಸೂರ್ಯನತ್ತ ಕ್ಯಾಮೆರಾ ತಿರುಗಿಸಿದರೆ ಫಿಲ್ಮ್ ಸುಟ್ಟುಹೋಗಬಹುದೆಂಬ ಅಳುಕಿದ್ದ ಕಾಲದಲ್ಲಿ ಅವರು ಕೊಂಬೆಗಳ ನಡುವಿನ ಸೂರ್ಯನನ್ನು ನೇರವಾಗಿ ಸೆರೆಹಿಡಿದರು. ಮಹಾದ್ವಾರದ ದೃಶ್ಯಗಳಲ್ಲಿ ಬೂದು ಆಕಾಶದ ಹಿನ್ನೆಲೆಗೆ ಮಳೆ ಕಾಣಿಸದಾಯಿತು. ಆಗ ಕೊಳವೆಗಳ ನೀರಿಗೆ ಕಪ್ಪು ಮಸಿ ಬೆರೆಸಲಾಯಿತು. ಮಸಿಚಿತ್ರಕಾರನ ದ್ರವ್ಯ ಹೀಗೆ ಅಕ್ಷರಶಃ ತೆರೆಯ ಮೇಲೆ ಸುರಿಯಿತು. 1951ರಲ್ಲಿ ವೆನಿಸ್ ಉತ್ಸವದ ಸ್ವರ್ಣಸಿಂಹ ಪ್ರಶಸ್ತಿ ಪಡೆದ ಈ ಚಿತ್ರ ಜಪಾನೀ ಸಿನಿಮಾವನ್ನು ಪಶ್ಚಿಮದ ಪ್ರೇಕ್ಷಕರಿಗೆ ಪರಿಚಯಿಸಿತು.

ಮಿಜೊಗುಚಿ ಅವರೊಡನೆ ಮಾಡಿದ ಕೆಲಸ ಮತ್ತೊಂದು ಬಗೆಯದು. 'ಉಗೆತ್ಸು' (1953) ಹದಿನೆಂಟನೆಯ ಶತಮಾನದ ಉಯೆದಾ ಅಕಿನಾರಿಯ ಪ್ರೇತಕಥೆಗಳನ್ನು ಆಧರಿಸಿದೆ. 'ಸಾನ್‌ಶೊ ದಾಯು' (1954) ಅಲೆಮಾರಿ ಕಥೆಗಾರರು ಹಾಡಿ ಹೇಳುತ್ತಿದ್ದ ಮಧ್ಯಕಾಲೀನ ಲಾವಣಿಯ ವಸ್ತು. 1915ರಲ್ಲಿ ಮೊರಿ ಓಗಾಯ್ ಅದಕ್ಕೆ ಸಣ್ಣಕಥೆಯ ರೂಪ ಕೊಟ್ಟಿದ್ದರು. ಸುರುಳಿಚಿತ್ರವನ್ನು ಬಿಚ್ಚುತ್ತ ಹೋದಂತೆ ಕಥೆ ಸಾಗಬೇಕೆಂಬುದು ಮಿಜೊಗುಚಿ ಅವರ ಆಶಯವಾಗಿತ್ತು. ಅದಕ್ಕಾಗಿ ಮಿಯಾಗಾವಾ ಕ್ರೇನನ್ನು ಹೇರಳವಾಗಿ ಬಳಸಿ ತುಂಡರಿಸದ ದೀರ್ಘ ಚಿತ್ರಿಕೆಗಳನ್ನು ರೂಪಿಸಿದರು. 'ಉಗೆತ್ಸು' ಚಿತ್ರದ ಕೊನೆಯಲ್ಲಿ ಕುಂಬಾರ ಊರಿಗೆ ಮರಳುತ್ತಾನೆ. ಮನೆ ಬರಿದಾಗಿದೆ, ಒಲೆ ಆರಿದೆ. ಅವನು ಹಿತ್ತಲಿನಿಂದ ಸುತ್ತಿ ಬರುವಷ್ಟರಲ್ಲಿ ಕ್ಯಾಮೆರಾ ಅದೇ ಒಲೆಯತ್ತ ಹೊರಳಿದರೆ, ಅಲ್ಲಿ ಬೆಂಕಿ ಉರಿಯುತ್ತಿದೆ, ಹೆಂಡತಿ ಕುಳಿತಿದ್ದಾಳೆ. ಸತ್ತವರೂ ಬದುಕಿರುವವರೂ ಒಂದೇ ಮನೆಯಲ್ಲಿ ಇರಬಲ್ಲರೆಂಬ ಜನಪದ ನಂಬಿಕೆಗೆ ಇಲ್ಲಿ ಯಾವ ತಂತ್ರದ ಬೆರಗೂ ಬೇಕಾಗಿಲ್ಲ. ಚಿತ್ರಿಕೆ ತುಂಡಾಗದಿರುವುದೇ ಸಾಕು.

ಚಲನೆಯಲ್ಲಿ ಪರಿಣತರಾದ ಇದೇ ಛಾಯಾಗ್ರಾಹಕರು ಓಜು ಅವರ 'ತೇಲುವ ಕಳೆಗಳು' (1959) ಚಿತ್ರದಲ್ಲಿ ನಿಶ್ಚಲತೆಗೆ ಒಗ್ಗಿಕೊಂಡರು. ಊರೂರು ಅಲೆಯುವ ನಾಟಕ ತಂಡದ ಕಥೆಯಿದು. ಸುರಿಮಳೆಯಲ್ಲಿ ಓಣಿಯ ಎರಡು ಬದಿಯ ಸೂರುಗಳ ಕೆಳಗೆ ನಿಂತು ನಾಯಕನೂ ಅವನ ಸಂಗಾತಿಯೂ ಜಗಳವಾಡುವ ದೃಶ್ಯದಲ್ಲಿ ನಡುವಿನ ಮಳೆಯೇ ಅವರ ಅಂತರವನ್ನು ಅಳೆಯುತ್ತದೆ.

ಪ್ರಯೋಗಾಲಯದ ಅನುಭವ ಫಲಿಸಿದ್ದು ಕೊನ್ ಇಚಿಕಾವಾ ಅವರ 'ತಮ್ಮ' (1960) ಚಿತ್ರದಲ್ಲಿ. 1912ರಿಂದ 1926ರವರೆಗಿನ ತೈಶೊ ಕಾಲದ ಕಥೆಗೆ ಹೊಳಪಿನ ಬಣ್ಣಗಳು ಒಪ್ಪುತ್ತಿರಲಿಲ್ಲ. ವರ್ಣಫಿಲ್ಮಿನ ಸಂಸ್ಕರಣೆಯಲ್ಲಿ ಬಣ್ಣದೊಡನೆ ಬೆಳ್ಳಿಯ ಕಣಗಳೂ ಮೂಡುತ್ತವೆ. ಬ್ಲೀಚ್ ದ್ರಾವಣದ ಹಂತವು ಆ ಬೆಳ್ಳಿ ತೊಳೆದುಹೋಗಲು ನೆರವಾಗುತ್ತದೆ. ಮಿಯಾಗಾವಾ ಆ ಹಂತವನ್ನು ಕೈಬಿಟ್ಟು ಬೆಳ್ಳಿಯನ್ನು ಉಳಿಸಿಕೊಂಡರು. ಬಣ್ಣ ಮಾಸಿತು, ಕಪ್ಪು ಗಾಢವಾಯಿತು. ಮುಂದೆ ಹಲವು ದೇಶಗಳ ಛಾಯಾಗ್ರಾಹಕರು ಈ ವಿಧಾನವನ್ನು ಅನುಸರಿಸಿದರು. ವರ್ಣಯುಗದಲ್ಲಿಯೂ ಅವರು ಮಸಿಯ ಛಾಯೆಗಳನ್ನು ಹುಡುಕಿದರೆಂಬುದು ಇದರಿಂದ ಸ್ಪಷ್ಟ.

ಅವರು ಬಹುಕಾಲ ದುಡಿದ ದಾಯೆ ಸಂಸ್ಥೆ 1971ರಲ್ಲಿ ದಿವಾಳಿಯಾಯಿತು. ಗುರುಶಿಷ್ಯ ಕ್ರಮದಲ್ಲಿ ಕಸುಬನ್ನು ಕಲಿಸುತ್ತಿದ್ದ ಸ್ಟುಡಿಯೊ ವ್ಯವಸ್ಥೆಯೂ ಸಡಿಲವಾಯಿತು. 1977ರಲ್ಲಿ ಮಸಾಹಿರೊ ಶಿನೋದಾ ನಿರ್ದೇಶಿಸಿದ, ಶಾಮಿಸೆನ್ ನುಡಿಸುತ್ತ ಊರೂರು ಅಲೆಯುವ ಅಂಧ ಗಾಯಕಿಯ ಕಥೆಗೆ ಮಿಯಾಗಾವಾ ಛಾಯಾಗ್ರಹಣ ಮಾಡಿದರು. ಕಾಣದವಳ ಲೋಕವನ್ನು ಅವರು ಹಿಮ, ಕಡಲು, ಋತುಗಳ ಮೂಲಕ ಪ್ರೇಕ್ಷಕರಿಗೆ ಕಾಣಿಸಿದರು. ಕೆಲವೇ ವರ್ಷಗಳಲ್ಲಿ ಕುರೊಸಾವಾ ಅವರ 'ಕಾಗೆಮುಶಾ' (1980) ಚಿತ್ರದ ಕೆಲಸದಿಂದ ದೃಷ್ಟಿದೋಷದ ಕಾರಣಕ್ಕೆ ಅವರೇ ಹಿಂದೆ ಸರಿಯಬೇಕಾಯಿತು. ಆದರೂ 1980ರ ದಶಕದಲ್ಲಿ ಶಿನೋದಾ ಅವರ ಚಿತ್ರಗಳಿಗೆ ಮತ್ತೆ ಕ್ಯಾಮೆರಾ ಹಿಡಿದರು.

ಒಟ್ಟಿನಲ್ಲಿ, ಮಿಯಾಗಾವಾ ಅವರಿಗೆ ಪರಂಪರೆಯೆಂಬುದು ತೆರೆಯ ಮೇಲೆ ಪ್ರದರ್ಶಿಸುವ ವಸ್ತುವಾಗಿರಲಿಲ್ಲ, ಕಾಣುವ ಕ್ರಮವಾಗಿತ್ತು. ಮೌಖಿಕ ಪರಂಪರೆಯಿಂದ ಗ್ರಂಥಕ್ಕೆ, ಗ್ರಂಥದಿಂದ ತೆರೆಗೆ ಬಂದ ಕಥೆಗಳನ್ನು ಅಭ್ಯಾಸ ಮಾಡುವಾಗ ಕಥೆ ಯಾರದು, ಬರೆದವರಾರು, ನಿರ್ದೇಶಿಸಿದವರಾರು ಎಂದು ಕೇಳುವುದು ವಾಡಿಕೆ. ಕಾಣಿಸಿದವರಾರು ಎಂಬ ಪ್ರಶ್ನೆಯೂ ಅದರ ಜೊತೆಗೆ ಸೇರಬೇಕಾಗಿದೆ.