ಒತ್ತೆಯ ಮನೆ

ಸಾಲದ ವ್ಯವಹಾರದಲ್ಲಿ ಕನ್ನಡಿಗರು ಎಷ್ಟು ಹಳಬರೆಂಬುದನ್ನು ತಿಳಿಯಲು ಶಾಸನಗಳವರೆಗೆ ಹೋಗಬೇಕಾಗಿಲ್ಲ. ನಮ್ಮ ಮಾತುಗಳೇ ಸಾಕು. ಒತ್ತೆ, ಅಡವು, ಅಡಮಾನ, ಭೋಗ್ಯ: ಸಾಲಕ್ಕೆ ಪ್ರತಿಯಾಗಿ ಒಂದು ವಸ್ತುವನ್ನು ಇನ್ನೊಬ್ಬರ ಅಧೀನ ಮಾಡುವ ಒಂದೇ ಕೆಲಸಕ್ಕೆ ಇಷ್ಟು ಹೆಸರುಗಳಿವೆ. ಹೆಸರು ಬೇರೆಯಾದಂತೆ ಛಾಯೆಯೂ ಬೇರೆ. ಬಂಗಾರವನ್ನು ಅಡವು ಇಡುತ್ತೇವೆ; ಹೊಲವನ್ನು ಭೋಗ್ಯಕ್ಕೆ ಬರೆದುಕೊಡುತ್ತೇವೆ; ಕೊಟ್ಟ ಮಾತಿಗೆ ಪ್ರಾಣವನ್ನೇ ಒತ್ತೆಯಿಡುವವರು ನಮ್ಮ ಕಾವ್ಯಗಳಲ್ಲಿ ಬೇಕಾದಷ್ಟು ಮಂದಿ ಇದ್ದಾರೆ. ಇಂಗ್ಲಿಷಿನ ‘ಮಾರ್ಟ್‌ಗೇಜ್’ ಎಂಬ ಶಬ್ದ ಹಳೆಯ ಫ್ರೆಂಚಿನಿಂದ ಬಂದದ್ದು. ಅದರ ಮೂಲಾರ್ಥ ‘ಸತ್ತ ಒತ್ತೆ’. ನಮ್ಮ ಭಾಷೆ ಒತ್ತೆಯನ್ನು ಸಾಯಿಸಲಿಲ್ಲ. ಭೋಗಿಸುವವನ ಕೈಗೆ ಒಪ್ಪಿಸಿತು.

ಭೋಗ್ಯದ ಪದ್ಧತಿಯನ್ನು ಸ್ವಲ್ಪ ನಿಂತು ನೋಡಬೇಕು. ಅಲ್ಲಿ ಸಾಲಗಾರನು ಬಡ್ಡಿಯನ್ನು ಎಣಿಸಿ ಕೊಡುವುದಿಲ್ಲ. ಹೊಲವೇ ಸಾಲ ಕೊಟ್ಟವನ ವಶವಾಗುತ್ತದೆ. ಅವನು ಉತ್ತು ಬಿತ್ತಿ ಬೆಳೆಯನ್ನು ಉಣ್ಣುತ್ತಾನೆ. ಅಸಲು ತೀರಿದ ದಿನ ಹೊಲ ಮರಳಿ ಬರುತ್ತದೆ. ಕುಷ್ಟಗಿಯ ಎರೆಯ ಸೀಮೆಯಲ್ಲಿ ಹೊಲ ಭೋಗ್ಯಕ್ಕೆ ಕೊಟ್ಟ ರೈತನು ಬದುವಿನ ಮೇಲೆ ನಡೆದು ಹೋಗುವಾಗ, ತನ್ನ ಮಣ್ಣಿನ ಬಿಳಿಜೋಳ ಪರರ ಕಣಕ್ಕೆ ಸಾಗುವುದನ್ನು ಕಣ್ಣಾರೆ ಕಾಣುತ್ತಾನೆ. ಆ ಪದ್ಧತಿ ಕ್ರೂರವಾಗಿದ್ದಿರಬಹುದು. ಆದರೆ ಸಾಲದ ಬೆಲೆ ಏನೆಂಬುದನ್ನು ಅದು ಬಚ್ಚಿಡಲಿಲ್ಲ.

ಇಂದಿನ ಗೃಹಸಾಲದ ಸ್ವರೂಪ ಇದಕ್ಕೆ ತೀರ ವಿರುದ್ಧವಾದುದು. ಒತ್ತೆಯಿಟ್ಟ ಮನೆಯಲ್ಲಿ ಒತ್ತೆಯಿಟ್ಟವನೇ ಇರುತ್ತಾನೆ. ಬಾಗಿಲಿಗೆ ತೋರಣ ಅವನದೇ, ಗೋಡೆಯ ಮೇಲಿನ ಹೆಸರೂ ಅವನದೇ. ಕ್ರಯಪತ್ರ ಮಾತ್ರ ಬ್ಯಾಂಕಿನ ಕಪಾಟಿನಲ್ಲಿರುತ್ತದೆ. ತಿಂಗಳ ಮೊದಲ ವಾರದಲ್ಲಿ ಸಂಬಳದಿಂದ ಒಂದು ಮೊತ್ತ ತಾನಾಗಿ ಕಳೆದುಹೋಗುತ್ತದೆ. ಅದನ್ನು ಕೈಯಿಂದ ಎಣಿಸಿ ಕೊಡುವ ನೋವೂ ಇಲ್ಲ. ಕೊಪ್ಪಳವು 1997ರಲ್ಲಿ ರಾಯಚೂರಿನಿಂದ ಬೇರೆಯಾಗಿ ಜಿಲ್ಲಾ ಕೇಂದ್ರವಾಯಿತು. ಅಲ್ಲಿಂದೀಚೆಗೆ ಈ ಸೀಮೆಯ ಪೇಟೆಗಳ ಸುತ್ತ ಎದ್ದ ಬಡಾವಣೆಗಳಲ್ಲಿ ಅಧ್ಯಾಪಕರು, ಗುಮಾಸ್ತರು, ಪೊಲೀಸರು, ಅಂಗಡಿಕಾರರು ಕಟ್ಟಿಸಿದ ಮನೆಗಳನ್ನು ನೋಡುತ್ತ ಬಂದಿದ್ದೇನೆ. ಗೃಹಪ್ರವೇಶದ ಊಟಕ್ಕೆ ಕುಳಿತಾಗ ಮನೆಗೆ ಎಷ್ಟು ಬಿತ್ತೆಂದು ಕೇಳಿದರೆ ಸಿಮೆಂಟು, ಕಬ್ಬಿಣ, ಗೌಂಡಿಗಳ ಕೂಲಿ ಎಲ್ಲವನ್ನೂ ಯಜಮಾನರು ಪೈಸೆ ಬಿಡದೆ ಹೇಳುತ್ತಾರೆ. ಬಡ್ಡಿಗೆ ಒಟ್ಟು ಎಷ್ಟು ಬೀಳುವುದೆಂದು ಹೇಳಿದವರನ್ನು ನಾನು ಇನ್ನೂ ಕಂಡಿಲ್ಲ.

ಇದಕ್ಕೆ ಒಂದು ಕಾರಣ ನಮ್ಮ ಬಡ್ಡಿಯ ಭಾಷೆಯಲ್ಲಿಯೇ ಇದೆ. ಈ ಕಡೆಯ ಜನ ಬಡ್ಡಿಯನ್ನು ತಿಂಗಳ ಲೆಕ್ಕದಲ್ಲಿ, ನೂರಕ್ಕೆ ಇಷ್ಟು ರೂಪಾಯಿ ಎಂದು ಹೇಳುವವರು. ‘ಎರಡು ರೂಪಾಯಿ ಬಡ್ಡಿ’ ಎಂದರೆ ವರ್ಷಕ್ಕೆ ಶೇಕಡಾ 24. ಆ ಕಿವಿಗೆ ಬ್ಯಾಂಕಿನ ಎಂಟೂವರೆ ಶೇಕಡಾ ‘ಎಪ್ಪತ್ತು ಪೈಸೆ ಬಡ್ಡಿ’ಯಾಗಿ ಕೇಳಿಸುತ್ತದೆ. ಅಷ್ಟು ಸಣ್ಣ ಮಾತಿಗೆ ಹೆದರುವವರು ಯಾರು? ದರವು ಸಣ್ಣದೆಂಬುದು ನಿಜವೇ. ದೊಡ್ಡದಾಗಿರುವುದು ಕಾಲ.

ಕಾಲಕ್ಕೂ ಬಡ್ಡಿಗೂ ಇರುವ ಈ ನಂಟನ್ನು ನಮ್ಮ ನೆಲದಲ್ಲಿಯೇ ಒಬ್ಬ ಪಂಡಿತನು ಒಂಬೈನೂರು ವರ್ಷಗಳ ಹಿಂದೆ ವಿಚಾರಿಸಿದ್ದನು. ಹಿಂದೆ ಯಲಬುರ್ಗಾ ತಾಲ್ಲೂಕಿನಲ್ಲಿದ್ದು ಈಗ ಕುಕನೂರು ತಾಲ್ಲೂಕಿಗೆ ಸೇರಿರುವ ಇಟಗಿಯ ಮಹಾದೇವ ದೇವಾಲಯವನ್ನು ನೋಡಿದವರಿಗೆ ಅದನ್ನು ಕಟ್ಟಿಸಿದ ದಂಡನಾಯಕ ಮಹಾದೇವನ ಹೆಸರು ಗೊತ್ತಿರುತ್ತದೆ. ಆ ಗುಡಿಯ ಕಾಲ ಕ್ರಿ.ಶ. 1112, ಆಗ ಆಳುತ್ತಿದ್ದವನು ಕಲ್ಯಾಣದ ಆರನೆಯ ವಿಕ್ರಮಾದಿತ್ಯ. ಅದೇ ಅರಸನ ಆಶ್ರಯದಲ್ಲಿ ವಿಜ್ಞಾನೇಶ್ವರನು ಯಾಜ್ಞವಲ್ಕ್ಯ ಸ್ಮೃತಿಗೆ ಬರೆದ ವ್ಯಾಖ್ಯಾನವೇ ‘ಮಿತಾಕ್ಷರಾ’. ಅದನ್ನು ನಾವು ದಾಯಭಾಗದ ಗ್ರಂಥವೆಂದು ಮಾತ್ರ ನೆನೆಯುತ್ತೇವೆ. ಆದರೆ ಅದರ ವ್ಯವಹಾರಾಧ್ಯಾಯದಲ್ಲಿ ‘ಋಣಾದಾನ’ವೆಂಬ ಪ್ರಕರಣವಿದ್ದು, ಸಾಲ, ಬಡ್ಡಿ, ಒತ್ತೆಗಳ ವಿಚಾರ ಅಲ್ಲಿ ವಿಸ್ತಾರವಾಗಿದೆ. ಒತ್ತೆಯಿದ್ದ ಸಾಲಕ್ಕೆ ತಿಂಗಳಿಗೆ ಅಸಲಿನ ಎಂಬತ್ತನೆಯ ಒಂದು ಪಾಲು ಬಡ್ಡಿ ಎಂಬುದು ಸ್ಮೃತಿಯ ಮಾತು. ವರ್ಷಕ್ಕೆ ಶೇಕಡಾ 15 ಆಯಿತು. ನಮ್ಮ ಬ್ಯಾಂಕುಗಳ ದರಕ್ಕಿಂತ ಇದು ಹೆಚ್ಚು. ಆದರೆ ಅದರ ಜೊತೆಗೆ ಇನ್ನೊಂದು ಕಟ್ಟಳೆಯಿತ್ತು: ಬಡ್ಡಿ ಬೆಳೆಬೆಳೆದು ಅಸಲಿಗೆ ಸಮನಾದ ಮೇಲೆ ಮುಂದೆ ಬೆಳೆಯತಕ್ಕದ್ದಲ್ಲ. ಎಂಬತ್ತರಲ್ಲೊಂದು ಪಾಲಿನಂತೆ ಬಡ್ಡಿಯು ಅಸಲಿನಷ್ಟಾಗಲು ಎಂಬತ್ತು ತಿಂಗಳು, ಅಂದರೆ ಆರು ವರ್ಷ ಎಂಟು ತಿಂಗಳು ಸಾಕು. ಅಲ್ಲಿಗೆ ಬಡ್ಡಿಯ ಓಟ ಮುಗಿಯಿತು. ‘ದಾಮದುಪಟ’ವೆಂಬ ಹೆಸರಿನಲ್ಲಿ ಈ ನಿಯಮವನ್ನು ಬ್ರಿಟಿಷರ ಕಾಲದಲ್ಲಿ ಮುಂಬಯಿ ಪ್ರಾಂತದ ನ್ಯಾಯಾಲಯಗಳೂ ಹಿಂದೂಗಳ ವ್ಯವಹಾರದಲ್ಲಿ ಮಾನ್ಯ ಮಾಡಿದ್ದವು.

ಇಲ್ಲಿ ಒಂದು ಸೂಕ್ಷ್ಮವಿದೆ. ಮನುಸ್ಮೃತಿಯು ಈ ನಿಯಮವನ್ನು ಹೇಳುವಲ್ಲಿ ‘ಸಕೃತ್’, ಎಂದರೆ ‘ಒಂದೇ ಸಲ’ ಎಂಬ ಮಾತನ್ನು ಸೇರಿಸಿದೆ. ಒಂದೇ ಸಲಕ್ಕೆ ವಸೂಲು ಮಾಡುವ ಬಡ್ಡಿಗೆ ಮಾತ್ರ ಈ ಮಿತಿ; ದಿನದಿನ, ತಿಂಗಳು ತಿಂಗಳು ತೆಗೆದುಕೊಳ್ಳುತ್ತ ಹೋದ ಬಡ್ಡಿ ಅಸಲನ್ನು ಮೀರಬಹುದೆಂದು ವ್ಯಾಖ್ಯಾನಕಾರರು ಅರ್ಥ ಹೇಳಿದರು. ವಿಜ್ಞಾನೇಶ್ವರನೂ ಇದನ್ನು ಗಮನಿಸಿದ್ದಾನೆ. ಒಟ್ಟಿಗೆ ಕೇಳಿದರೆ ಅನ್ಯಾಯವಾಗಿ ತೋರುವ ಮೊತ್ತವು ತುಂಡುತುಂಡಾಗಿ ಕೊಟ್ಟಾಗ ಅನ್ಯಾಯವಾಗಿ ತೋರುವುದಿಲ್ಲವೆಂಬ ಮನುಷ್ಯಸ್ವಭಾವವನ್ನು ಆ ಒಂದು ಅವ್ಯಯ ಹಿಡಿದಿಟ್ಟಿದೆ. ನಾವು ಇಂದು ‘ಇಎಂಐ’ ಎಂದು ಕರೆಯುವ ಸಮಾನ ಮಾಸಿಕ ಕಂತು ನಿಂತಿರುವುದು ಆ ಸಂದಿನಲ್ಲಿಯೇ.

ಕನ್ನಡ ಮಾಸ್ತರನಿಗೆ ಲೆಕ್ಕದ ಉಸಾಬರಿ ಏಕೆಂದು ವಾಚಕರು ನಗಬಹುದು. ನಗಲಿ, ಲೆಕ್ಕವನ್ನು ಮಾತ್ರ ನೋಡಲಿ. 25 ಲಕ್ಷ ರೂಪಾಯಿ ಸಾಲ, ಶೇಕಡಾ ಎಂಟೂವರೆ ದರ, 20 ವರ್ಷ ಅವಧಿ ಎಂದಿಟ್ಟುಕೊಳ್ಳೋಣ. ತಿಂಗಳ ಕಂತು 21,696 ರೂಪಾಯಿ. ಇಂಥ 240 ಕಂತುಗಳು ಸೇರಿ 52 ಲಕ್ಷ 7 ಸಾವಿರ ಆಗುತ್ತವೆ. ಬಡ್ಡಿಯೊಂದೇ 27 ಲಕ್ಷ ದಾಟಿತು. ದಾಮದುಪಟದ ಗೆರೆ ಅಳಿಸಿಹೋಯಿತು. ಇನ್ನು ಒಳಗಿನ ವಿವರ. ಮೊದಲ ತಿಂಗಳ ಕಂತಿನಲ್ಲಿ 17,708 ರೂಪಾಯಿ ಬಡ್ಡಿಗೆ ಹೋಗಿ, ಅಸಲಿಗೆ ಸಲ್ಲುವುದು ನಾಲ್ಕು ಸಾವಿರಕ್ಕೂ ಕಡಿಮೆ. ಐದು ವರ್ಷ ತಪ್ಪದೆ ಕಟ್ಟಿದವನು 13 ಲಕ್ಷ ಕೊಟ್ಟಿರುತ್ತಾನೆ. ಅವನ ಅಸಲಿನಲ್ಲಿ ತೀರಿರುವುದು 3 ಲಕ್ಷಕ್ಕೂ ಸ್ವಲ್ಪ ಕಡಿಮೆ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೀರುವುದು ಹನ್ನೆರಡನೆಯ ವರ್ಷ ಮುಗಿಯುವ ಹೊತ್ತಿಗೆ. ಅರ್ಧ ಸಾಲ ತೀರಿತೆನ್ನಲು ಹದಿಮೂರು ವರ್ಷ ಹತ್ತು ತಿಂಗಳು ಬೇಕು. ಇದರಲ್ಲಿ ಮೋಸವೇನೂ ಇಲ್ಲ. ಬಾಕಿ ಉಳಿದ ಅಸಲಿಗೆ ಆ ತಿಂಗಳ ಬಡ್ಡಿಯನ್ನು ಹಾಕುತ್ತಾರೆ, ಅಷ್ಟೆ. ಮೊದಮೊದಲು ಅಸಲು ದೊಡ್ಡದು. ಆದ್ದರಿಂದ ಬಡ್ಡಿಯೂ ದೊಡ್ಡದು.

ದರ ಒಂದೇ ಸಮನಿದ್ದರೆ ಇಷ್ಟು. ಅದು ಹಾಗಿರುವುದಿಲ್ಲ. 2019ರ ಅಕ್ಟೋಬರಿನಿಂದ ಬ್ಯಾಂಕುಗಳ ಹೊಸ ಚರದರದ ಗೃಹಸಾಲಗಳನ್ನು ರೆಪೋ ದರದಂಥ ಹೊರಗಿನ ಅಳತೆಗೋಲಿಗೆ ಕಟ್ಟಲಾಗಿದೆ. 2020ರ ಮೇ ತಿಂಗಳಿನಿಂದ ಎರಡು ವರ್ಷ ಶೇಕಡಾ 4ರಲ್ಲಿದ್ದ ರೆಪೋ ದರ 2023ರ ಫೆಬ್ರವರಿಯ ಹೊತ್ತಿಗೆ ಆರೂವರೆಗೆ ಏರಿತು. ಅಗ್ಗದ ಕಾಲದಲ್ಲಿ ಶೇಕಡಾ ಆರೂಮುಕ್ಕಾಲಿಗೆ ಅದೇ 25 ಲಕ್ಷವನ್ನು 20 ವರ್ಷಕ್ಕೆ ತಂದವನ ಕಂತು 19,009 ರೂಪಾಯಿ. ಒಂದು ವರ್ಷ ಕಟ್ಟಿದ ಮೇಲೆ ದರ ಎರಡೂವರೆ ಏರಿ, ಕಂತು ಮಾತ್ರ ಮೊದಲಿನಷ್ಟೇ ಉಳಿಯಿತೆನ್ನಿ. ತಿಂಗಳ ಬಡ್ಡಿಯೇ 18,799 ರೂಪಾಯಿ ಆಗಿ, ಅಸಲಿಗೆ ಸಲ್ಲುವುದು ಇನ್ನೂರು ಚಿಲ್ಲರೆ. ಹತ್ತೊಂಬತ್ತು ವರ್ಷದಲ್ಲಿ ತೀರಬೇಕಾದ ಸಾಲಕ್ಕೆ ನಲವತ್ತೊಂಬತ್ತು ವರ್ಷ ಬೇಕಾಗುತ್ತದೆ! ಕಂತು ಏರಲಿಲ್ಲವೆಂಬ ಸಮಾಧಾನದಲ್ಲಿ ಸಾಲಗಾರನಿಗೆ ಇದು ತಿಳಿಯುವುದೂ ಇಲ್ಲ.

ಕುಷ್ಟಗಿಯ ಕಡೆಯ ನನ್ನ ಸ್ನೇಹಿತರೊಬ್ಬರು, ಪ್ರೌಢಶಾಲೆಯ ಅಧ್ಯಾಪಕರು, 2021ರಲ್ಲಿ ಒಂದು ಬ್ಯಾಂಕಿನಿಂದ ಸಾಲ ತಂದಾಗ ತಮ್ಮ ನಿವೃತ್ತಿಗೆ ಸರಿಯಾಗಿ ಮುಗಿಯುವಂತೆ ಹದಿನೆಂಟು ವರ್ಷದ ಅವಧಿಯನ್ನು ಗೊತ್ತುಮಾಡಿಕೊಂಡಿದ್ದರು. ಎರಡು ವರ್ಷದ ಮೇಲೆ ಸಾಲದ ವಿವರ ತರಿಸಿ ನೋಡಿದರೆ ಕೊನೆಯ ಕಂತು ನಿವೃತ್ತಿಯಿಂದ ಹತ್ತು ವರ್ಷ ಆಚೆ ಹೋಗಿ ಕುಳಿತಿತ್ತು. “ಸರಕಾರ ನನ್ನ ಅರವತ್ತಕ್ಕ ಬಿಡತೈತಿ, ಬ್ಯಾಂಕು ಎಪ್ಪತ್ತಕ್ಕ ಬಿಡತೈತಿ ನೋಡ್ರಿ ಸರ,” ಎಂದು ಅವರು ನಕ್ಕರು. ಅವರ ಮನೆಯವರು ನಗಲಿಲ್ಲ. ಮಗಳ ಓದಿಗೆಂದು ಎಣಿಸಿದ್ದ ವರ್ಷಗಳೂ ಆ ಹತ್ತರಲ್ಲಿ ಸೇರಿದ್ದವು.

ಇಷ್ಟನ್ನು ಓದಿ ಯಾರಾದರೂ ಮನೆ ಕಟ್ಟುವ ಆಸೆಯನ್ನೇ ಬಿಟ್ಟರೆ ಅದು ಸಲ್ಲದು. ಲೆಕ್ಕಕ್ಕೆ ಇನ್ನೊಂದು ಮಗ್ಗುಲಿದೆ. ರೂಪಾಯಿ ವರ್ಷವರ್ಷಕ್ಕೂ ಸವೆಯುವ ನಾಣ್ಯ. ಬೆಲೆಗಳು ವರ್ಷಕ್ಕೆ ಶೇಕಡಾ 4ರಂತೆ ಏರಿದರೆ, ಇಪ್ಪತ್ತನೆಯ ವರ್ಷದ ಕೊನೆಯಲ್ಲಿ ಕಟ್ಟುವ 21,696 ರೂಪಾಯಿಗೆ ಇಂದಿನ 9,900 ರೂಪಾಯಿಯಷ್ಟೇ ತೂಕ. ಬಾಡಿಗೆ ಉಳಿಯುವುದನ್ನೂ ಕೂಡಿಸಬೇಕು. ಆದುದರಿಂದ 52 ಲಕ್ಷವೆಂಬ ಅಂಕಿಯನ್ನು ನೋಡಿ ಎದೆಯೊಡೆದುಕೊಳ್ಳಬೇಕಾಗಿಲ್ಲ. ಆದರೆ ಈ ಸಮಾಧಾನ ಸಂಬಳ ಏರುತ್ತ ಹೋಗುವವರಿಗೆ ಮಾತ್ರ ಸಲ್ಲುವಂಥದು.

ನಮ್ಮ ಸೀಮೆಯಲ್ಲಿ ಎಲ್ಲರೂ ಸಂಬಳದವರಲ್ಲ. ಮಾಸಿಕ ಕಂತು ತಿಂಗಳಿಗೊಮ್ಮೆ ಹಣ ಬರುವವರಿಗಾಗಿ ಹುಟ್ಟಿದ್ದು. ಗಂಗಾವತಿಯ ಭತ್ತದ ಗದ್ದೆಗೆ ತಿಂಗಳಿಲ್ಲ, ಸುಗ್ಗಿ ಇದೆ. ತುಂಗಭದ್ರೆಯ ಎಡದಂಡೆ ಕಾಲುವೆಗೆ ನೀರು ಬಂದರೆ ಎರಡು ಬೆಳೆ, ಇಲ್ಲವಾದರೆ ಒಂದು. 2024ರ ಆಗಸ್ಟ್ 10ರ ರಾತ್ರಿ ಜಲಾಶಯದ 19ನೆಯ ಕ್ರೆಸ್ಟ್ ಗೇಟು ಕೊಚ್ಚಿಹೋದಾಗ ಕಾಲುವೆಯ ಕೆಳಗಿನ ರೈತರು ಎಷ್ಟು ಕಂಗಾಲಾದರೆಂಬುದನ್ನು ನಾಡೇ ನೋಡಿತು. ಯಲಬುರ್ಗಾ, ಕುಷ್ಟಗಿಗಳ ಬೆದ್ದಲು ಭೂಮಿಯಲ್ಲಂತೂ ಮಳೆಯೇ ಯಜಮಾನ. ಅಕ್ಕಿಯ ಗಿರಣಿಯಲ್ಲಿ ದುಡಿಯುವವನ ಆದಾಯವೂ ಆ ಭತ್ತದ ಬೆನ್ನಿಗೇ ಕಟ್ಟಿಕೊಂಡದ್ದು. ಸುಗ್ಗಿಯ ಲೆಕ್ಕದ ಬದುಕಿಗೆ ತಿಂಗಳ ಲೆಕ್ಕದ ಸಾಲ ಬಿದ್ದಾಗ, ನಡುವಿನ ತಿಂಗಳುಗಳ ಕಂತಿಗೆ ಮತ್ತೆ ಎರಡು ರೂಪಾಯಿ ಬಡ್ಡಿಯ ಕೈಸಾಲ ಹುಟ್ಟುತ್ತದೆ. ಆ ಬಡ್ಡಿ ಯಾವ ಬ್ಯಾಂಕಿನ ಪಟ್ಟಿಯಲ್ಲಿಯೂ ಬರುವುದಿಲ್ಲ. ಮನೆಯ ಬೆಲೆಗೆ ಸೇರುವುದು ಮಾತ್ರ ನಿಶ್ಚಯ.

ಕಾಗದಪತ್ರದ ಬೆಲೆಯೂ ಒಂದಿದೆ. ಪಂಚಾಯಿತಿಯ ನಮೂನೆ 9 ಮತ್ತು 11 ಸರಿಯಾಗಿಲ್ಲದ ನಿವೇಶನಕ್ಕೆ ದೊಡ್ಡ ಬ್ಯಾಂಕುಗಳು ಸುಲಭವಾಗಿ ಸಾಲ ಕೊಡಲಾರವು. ಆಗ ಜನ ಹೆಚ್ಚಿನ ದರದ ಸಂಸ್ಥೆಗಳ ಬಾಗಿಲಿಗೆ ಹೋಗುತ್ತಾರೆ. ಅಲ್ಲಿ ಶೇಕಡಾ 13ರ ದರ ಬಿದ್ದರೆ, ಮೇಲಿನ 25 ಲಕ್ಷಕ್ಕೆ ಇಪ್ಪತ್ತು ವರ್ಷದಲ್ಲಿ ಕಟ್ಟುವ ಒಟ್ಟು ಮೊತ್ತ 70 ಲಕ್ಷ ದಾಟುತ್ತದೆ. ಒಂದು ನಮೂನೆಯ ಕೊರತೆಗೆ 18 ಲಕ್ಷ!

ಹಾಗಾದರೆ ಮಾಡತಕ್ಕದ್ದೇನು? ಕಾನೂನು ಇತ್ತೀಚೆಗೆ ಸಾಲಗಾರನ ಕಡೆಗೆ ಸ್ವಲ್ಪ ತಿರುಗಿದೆ. ಅದನ್ನು ತಿಳಿದಿರುವುದು ಒಳ್ಳೆಯದು. 2024ರ ಅಕ್ಟೋಬರ್ 1ರಿಂದ ಇಂಥ ಹೊಸ ಸಾಲಗಳಿಗೆಲ್ಲ ‘ಮುಖ್ಯ ಸಂಗತಿಗಳ ವಿವರಣೆ’ಯನ್ನು ಕೊಡಬೇಕು, ಶುಲ್ಕಗಳನ್ನೂ ಸೇರಿಸಿದ ವಾರ್ಷಿಕ ದರ, ಕಂತುಕಂತಿನ ಬಡ್ಡಿ ಅಸಲುಗಳ ಪಟ್ಟಿ ಅದರಲ್ಲಿರಬೇಕು. 2023ರ ಆಗಸ್ಟಿನ ರಿಸರ್ವ್ ಬ್ಯಾಂಕಿನ ಆದೇಶದ ಪ್ರಕಾರ, ದರ ಬದಲಾದಾಗ ಕಂತನ್ನು ಏರಿಸುವುದೋ ಅವಧಿಯನ್ನು ಬೆಳೆಸುವುದೋ ಎಂಬ ಆಯ್ಕೆ ಸಾಲಗಾರನದು. ಸುಮ್ಮನಿದ್ದರೆ ಬೆಳೆಯುವುದು ಅವಧಿಯೇ, ಕೇಳಬೇಕು. 2025ರಲ್ಲಿ ಆದಂತೆ ದರ ಇಳಿದಾಗ ಕಂತನ್ನು ಇಳಿಸಿಕೊಳ್ಳದೆ ಹಾಗೆಯೇ ಬಿಟ್ಟರೆ ಅವಧಿ ಕುಗ್ಗುತ್ತದೆ. ಚರದರದ ಗೃಹಸಾಲವನ್ನು ಮುಂಚಿತವಾಗಿ ತೀರಿಸುವ ವ್ಯಕ್ತಿಗಳಿಂದ ಬ್ಯಾಂಕುಗಳು ದಂಡ ವಸೂಲು ಮಾಡುವಂತಿಲ್ಲವೆಂಬ ನಿಯಮ 2012ರಿಂದಲೇ ಇದೆ. ಮೇಲಿನ ಎಂಟೂವರೆಯ ಸಾಲದಲ್ಲಿ ತಿಂಗಳಿಗೆ 2,500 ರೂಪಾಯಿ ಹೆಚ್ಚಾಗಿ ಕಟ್ಟಿದರೆ ಇಪ್ಪತ್ತು ವರ್ಷದ ಸಾಲ ಹದಿನೈದೂವರೆ ವರ್ಷಕ್ಕೆ ತೀರಿ, ಹತ್ತಿರ ಹತ್ತಿರ 7 ಲಕ್ಷ ರೂಪಾಯಿ ಉಳಿಯುತ್ತದೆ. ಸುಗ್ಗಿಯ ಹಣದವರು ವರ್ಷಕ್ಕೊಮ್ಮೆ ಗಂಟಾಗಿ ಕಟ್ಟಬಹುದು. ಮೊದಲ ವರ್ಷಗಳಲ್ಲಿ ಕಟ್ಟಿದ ಹೆಚ್ಚಿನ ರೂಪಾಯಿಗೆ ಇರುವ ಬಲ ಕೊನೆಯ ವರ್ಷಗಳ ರೂಪಾಯಿಗೆ ಇಲ್ಲ.

ಸಾಲ ಪೂರ್ತಿ ತೀರಿದ ಮೂವತ್ತು ದಿನಗಳೊಳಗೆ ಮೂಲ ಕಾಗದಪತ್ರಗಳನ್ನು ಹಿಂದಿರುಗಿಸಬೇಕೆಂದೂ, ಸಾಲ ಕೊಟ್ಟವರ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕೆಂದೂ 2023ರ ಡಿಸೆಂಬರ್ 1ರಿಂದ ನಿಯಮವಿದೆ. ಕಾಗದ ಕೈಗೆ ಬಂದ ಮೇಲೂ ಒಂದು ಕೆಲಸ ಉಳಿದಿರುತ್ತದೆ. ಒತ್ತೆಯ ದಾಖಲೆ ನೋಂದಣಿಯಾಗಿದ್ದರೆ ಉಪನೋಂದಣಾಧಿಕಾರಿಯ ಕಚೇರಿಗೆ ಹೋಗಿ ಅದರ ವಿಮೋಚನೆಯನ್ನೂ ನೋಂದಾಯಿಸಬೇಕು. ಆಮೇಲೆ ಒಂದು ಪತ್ರವನ್ನು ತೆಗೆಸಿ ನೋಡಬೇಕು. ಪೇಟೆಯಲ್ಲಿ ಅದನ್ನು ‘ಇಸಿ’ ಎನ್ನುತ್ತಾರೆ. ಕಚೇರಿಯ ಕನ್ನಡದಲ್ಲಿ ಅದರ ಹೆಸರು ‘ಋಣಭಾರ ಪತ್ರ’. ಕಲ್ಯಾಣದ ಪಂಡಿತನು ವ್ಯಾಖ್ಯಾನಿಸಿದ ಋಣವೇ ಈ ಕಚೇರಿಯ ಮುದ್ರೆಯ ಕೆಳಗೂ ಇದೆ.