ಮರೆವು ಕಾಪಾಡಿದ ಊರು

ವಿಯೆಟ್ನಾಂ ಎಂದೊಡನೆ ನಮ್ಮಲ್ಲಿ ಅನೇಕರಿಗೆ ಮೊದಲು ನೆನಪಾಗುವುದು ಯುದ್ಧ. ಆದರೆ ಆ ದೇಶದ ನಡು ಕರಾವಳಿಯಲ್ಲಿ, ಥು ಬೋನ್ ನದಿಯ ಅಳಿವೆಯ ಬಳಿ, ಯುದ್ಧದ ಬೆಂಕಿ ಹೆಚ್ಚು ತಾಕದೆ ಉಳಿದ ಹಳೆಯ ಬಂದರು ಪಟ್ಟಣವೊಂದಿದೆ. ಅದರ ಹೆಸರು ಹೊಯಿ ಆನ್. ಹದಿನೇಳನೆಯ ಶತಮಾನದ ಯುರೋಪಿನ ವರ್ತಕರು ಮತ್ತು ಪಾದ್ರಿಗಳು ಇದನ್ನು ಫೈಫೊ ಎಂದು ಕರೆದರು. ಹಳದಿ ಗೋಡೆಗಳು, ಪಾಚಿಗಟ್ಟಿದ ಹೆಂಚಿನ ಮಾಡುಗಳು, ಕಪ್ಪಾದ ಮರದ ಕಂಬಗಳ ಈ ಊರನ್ನು ಯುನೆಸ್ಕೊ 1999ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಕೇವಲ 30 ಹೆಕ್ಟೇರ್ ಜಾಗದಲ್ಲಿ 1,107 ಮರದ ಚೌಕಟ್ಟಿನ ಕಟ್ಟಡಗಳಿವೆ. 2025ರ ಜುಲೈನಲ್ಲಿ ಕ್ವಾಂಗ್ ನಾಮ್ ಪ್ರಾಂತ್ಯವು ಡಾ ನಾಂಗ್ ನಗರದೊಂದಿಗೆ ವಿಲೀನವಾದಾಗ ಹೊಯಿ ಆನ್ ಕೂಡ ಆಡಳಿತದ ಲೆಕ್ಕದಲ್ಲಿ ಆ ಮಹಾನಗರದ ಭಾಗವಾಯಿತು.

ಬಹುತೇಕ ಪ್ರವಾಸಿಗರು ಇಲ್ಲಿಗೆ ಅರ್ಧ ದಿನದ ಮಟ್ಟಿಗೆ ಬರುತ್ತಾರೆ. ಟಿಕೆಟ್ ಕೊಂಡು, ಅದರಲ್ಲಿ ಅನುಮತಿಸಿದ ಕೆಲವು ತಾಣಗಳನ್ನು ಆರಿಸಿಕೊಂಡು, ಮಾರ್ಗದರ್ಶಿಯ ಹಿಂದೆ ಮೂರು ತಾಸು ನಡೆದು, ಸಂಜೆ ದೀಪಗಳ ಬೆಳಕಿನಲ್ಲಿ ಛಾಯಾಚಿತ್ರ ತೆಗೆದುಕೊಂಡು ಮರಳುತ್ತಾರೆ. ಇಂಥ ಅವಸರದ ನಡಿಗೆಯನ್ನು ಹೀಗಳೆಯುವುದು ಸುಲಭ. ಆದರೆ ಸಣ್ಣ ಊರನ್ನು ಕಾಲ್ನಡಿಗೆಯಲ್ಲಿ, ತಿಳಿದವರ ಜೊತೆಯಲ್ಲಿ ನೋಡುವುದಕ್ಕೆ ಅದರದೇ ಆದ ಪ್ರಯೋಜನವಿದೆ. ನೋಡುವವನು ಒಂದು ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟುಕೊಂಡು ನಡೆಯಬೇಕು, ಅಷ್ಟೆ. ಆ ಕರಾವಳಿಯ ಎಷ್ಟೋ ಬಂದರುಗಳು ಗುರುತು ಸಿಗದಂತೆ ಬದಲಾಗಿರುವಾಗ ಇದೊಂದು ಹೇಗೆ ಉಳಿಯಿತು?

ನಡಿಗೆ ಸಾಮಾನ್ಯವಾಗಿ ಜಪಾನೀ ಸೇತುವೆಯಿಂದ ಆರಂಭವಾಗುತ್ತದೆ. ಮಾಡು ಹೊದಿಸಿದ ಈ ಪುಟ್ಟ ಸೇತುವೆಯ ನಿರ್ಮಾಣ 1593ರಲ್ಲಿ ಆರಂಭವಾಯಿತೆಂಬುದು ರೂಢಿಯ ಮಾತು. ವಿಯೆಟ್ನಾಮಿನ 20,000 ಡಾಂಗ್ ನೋಟಿನ ಮೇಲೆ ಇದರ ಚಿತ್ರವಿದೆ. ಒಂದು ತುದಿಯಲ್ಲಿ ಕೋತಿಗಳ, ಇನ್ನೊಂದು ತುದಿಯಲ್ಲಿ ನಾಯಿಗಳ ವಿಗ್ರಹಗಳು ಕಾವಲು ಕುಳಿತಿವೆ. ಕೋತಿಯ ವರ್ಷದಲ್ಲಿ ಕೆಲಸ ತೊಡಗಿ ನಾಯಿಯ ವರ್ಷದಲ್ಲಿ ಮುಗಿಯಿತು ಎಂಬುದು ಅದಕ್ಕೆ ಕೊಡುವ ವಿವರಣೆಗಳಲ್ಲೊಂದು. 1653ರಲ್ಲಿ ಸೇತುವೆಗೆ ಅಂಟಿಕೊಂಡಂತೆ ಒಂದು ಗುಡಿಯೂ ಸೇರಿತು. 1719ರಲ್ಲಿ ಇಲ್ಲಿಗೆ ಬಂದ ದೊರೆ ನ್ಗುಯೆನ್ ಫುಕ್ ಚು, ‘ದೂರದಿಂದ ಬಂದವರ ಸೇತುವೆ’ ಎಂಬ ಅರ್ಥದ ಹೆಸರನ್ನು ಇದಕ್ಕಿಟ್ಟ. ಊರಿನ ಚರಿತ್ರೆಯೆಲ್ಲ ಆ ಒಂದು ಹೆಸರಿನಲ್ಲಿದೆ.

ದೂರದವರನ್ನು ಇಲ್ಲಿಗೆ ತಂದದ್ದು ಗಾಳಿ. ಈಶಾನ್ಯ ಮಾರುತ ಹಿಡಿದು ಚೀನಾ ಮತ್ತು ಜಪಾನಿನ ಹಾಯಿಹಡಗುಗಳು ಬರುತ್ತಿದ್ದವು. ನೈಋತ್ಯ ಮಾರುತ ಬೀಸುವವರೆಗೆ ತಿಂಗಳುಗಟ್ಟಲೆ ಕಾಯಬೇಕಾಗುತ್ತಿತ್ತು. ಕಾಯುವವರಿಗೆ ಮನೆ ಬೇಕು, ಉಗ್ರಾಣ ಬೇಕು, ದೇವಸ್ಥಾನ ಬೇಕು. ದಕ್ಷಿಣವನ್ನು ಆಳುತ್ತಿದ್ದ ನ್ಗುಯೆನ್ ದೊರೆಗಳಿಗೆ ಉತ್ತರದ ತ್ರಿನ್ ವಂಶದೊಡನೆ ಕಾದಾಡಲು ಹಣವೂ ತೋಪುಗಳೂ ಬೇಕಿದ್ದವು. ಆದ್ದರಿಂದ ಅವರು ಪರದೇಶಿಗಳನ್ನು ಸ್ವಾಗತಿಸಿದರು. ಜಪಾನೀಯರಿಗೆ ಒಂದು ಕೇರಿ, ಚೀನೀಯರಿಗೆ ಇನ್ನೊಂದು. ಅವರವರ ಕೇರಿಗೆ ಅವರವರದೇ ಕಟ್ಟಳೆ. ರೇಷ್ಮೆ, ಅಗರು, ದಾಲ್ಚಿನ್ನಿ, ಸಕ್ಕರೆ ಹಡಗೇರಿದವು. ಜಪಾನಿನ ಬೆಳ್ಳಿ, ತಾಮ್ರ ಇಲ್ಲಿ ಇಳಿದವು. 1635ರಲ್ಲಿ ಜಪಾನಿನ ಆಡಳಿತ ತನ್ನ ಪ್ರಜೆಗಳ ಸಮುದ್ರಯಾನವನ್ನೇ ನಿಷೇಧಿಸಿದಾಗ ಜಪಾನೀ ಕೇರಿ ಕ್ರಮೇಣ ಬರಿದಾಯಿತು. ಸೇತುವೆ ಮಾತ್ರ ಉಳಿಯಿತು.

ಎರಡನೆಯ ನಿಲುಗಡೆ ಸಾಮಾನ್ಯವಾಗಿ ತಾನ್ ಕಿ ಎಂಬ ವರ್ತಕರ ಮನೆ. ಸುಮಾರು ಎರಡು ಶತಮಾನಗಳಷ್ಟು ಹಳೆಯದಾದ ಈ ಮನೆಯಲ್ಲಿ ಒಂದೇ ಕುಟುಂಬ ತಲೆಮಾರುಗಳಿಂದ ಬಾಳಿದೆ. ಬೀದಿಯ ಕಡೆ ಮುಖ ಕಿರಿದು; ಒಳಹೊಕ್ಕರೆ ಮನೆ ಉದ್ದಕ್ಕೂ ಸಾಗಿ ಹಿಂಬದಿಯಲ್ಲಿ ನದಿಯ ದಂಡೆಯತ್ತ ತೆರೆದುಕೊಳ್ಳುತ್ತದೆ. ಹಿಂಬಾಗಿಲಿನಲ್ಲಿ ದೋಣಿಯಿಂದ ಸರಕು ಇಳಿಸಿ, ಮುಂಬಾಗಿಲಿನಲ್ಲಿ ಮಾರುವುದು ಅಂದಿನ ಕ್ರಮ. ನಮ್ಮ ತೊಟ್ಟಿಮನೆಗಳಂತೆ ನಡುವೆ ಬಾನಿಗೆ ತೆರೆದ ಅಂಗಳ. ಕಂಬಗಳಿಗೆ ತೂಗುಹಾಕಿದ ಹಲಗೆಗಳ ಮೇಲೆ ಮುತ್ತಿನ ಚಿಪ್ಪನ್ನು ಕೂರಿಸಿ ಬರೆದ ಚೀನೀ ಅಕ್ಷರಗಳಿವೆ. ಹತ್ತಿರ ಹೋಗಿ ನೋಡಿದರೆ ಪ್ರತಿ ಗೀಟೂ ಒಂದು ಹಕ್ಕಿಯಾಗಿದೆ. ತೊಲೆಗಳ ಜೋಡಣೆಯಲ್ಲಿ ಜಪಾನೀ, ಚೀನೀ, ವಿಯೆಟ್ನಾಮೀ ರೀತಿಗಳು ಕೂಡಿಕೊಂಡಿರುವುದನ್ನು ಮಾರ್ಗದರ್ಶಿ ತಪ್ಪದೆ ತೋರಿಸುತ್ತಾರೆ. ಇಂಥ ಮನೆಗಳ ಹಿಂದೆ ನದಿಯಾಚೆಯ ಕಿಮ್ ಬೊಂಗ್ ಎಂಬ ಬಡಗಿಗಳ ಹಳ್ಳಿಯ ಕೈಚಳಕವಿದೆ.

ಆದರೆ ಆ ಮನೆಯಲ್ಲಿ ಹೆಚ್ಚು ಹೊತ್ತು ನಿಂತು ನೋಡಬೇಕಾದದ್ದು ಗೋಡೆಯ ಮೇಲಿನ ಸಣ್ಣ ಗುರುತುಗಳನ್ನು. ಯಾವ ವರ್ಷದ ನೆರೆ ಎಲ್ಲಿಯವರೆಗೆ ಏರಿತ್ತೆಂದು ಮನೆಯವರು ಅಲ್ಲಿ ಗೀಟು ಎಳೆದಿದ್ದಾರೆ. 1964ರ ಗೀಟು ಆಳೆತ್ತರವನ್ನೂ ಮೀರಿದೆ. ಮಳೆಗಾಲದಲ್ಲಿ ಥು ಬೋನ್ ಉಕ್ಕುವುದು ಇಲ್ಲಿ ಹೊಸದಲ್ಲ. ಆದ್ದರಿಂದಲೇ ಇಲ್ಲಿನ ಹಳೆಯ ಮನೆಗಳಲ್ಲಿ ಅಟ್ಟದ ನೆಲದಲ್ಲೊಂದು ಕಂಡಿ ಬಿಟ್ಟಿರುತ್ತಾರೆ; ನೀರು ಬಂದಾಗ ಸರಕನ್ನೂ ಪೀಠೋಪಕರಣಗಳನ್ನೂ ಅದರ ಮೂಲಕ ಮೇಲಕ್ಕೆ ಸೇದಿಕೊಳ್ಳುತ್ತಾರೆ.

ಮೂರನೆಯದು ಚೀನೀ ಸಮುದಾಯಗಳ ಸಭಾಭವನಗಳು. 1644ರಲ್ಲಿ ಮಿಂಗ್ ವಂಶ ಬಿದ್ದ ಮೇಲೆ ಆ ವಂಶಕ್ಕೆ ನಿಷ್ಠರಾದ ಅನೇಕರು ದಕ್ಷಿಣಕ್ಕೆ ಬಂದು ನೆಲೆಸಿದರು. ಫೂಜಿಯನ್ ಪ್ರಾಂತ್ಯದವರ ಭವನದಲ್ಲಿ ಕಡಲಯಾತ್ರಿಕರನ್ನು ಕಾಯುವ ದೇವತೆ ಥಿಯೆನ್ ಹಾವ್ ಇದ್ದಾಳೆ. ಅವಳ ಇಬ್ಬರು ಸಹಾಯಕರಲ್ಲಿ ಒಬ್ಬನಿಗೆ ಸಾವಿರ ಹರದಾರಿ ದೂರದ್ದು ಕಾಣುತ್ತದೆ, ಇನ್ನೊಬ್ಬನಿಗೆ ಅಷ್ಟೇ ದೂರದ್ದು ಕೇಳುತ್ತದೆ. ಹೈನಾನ್ ಜನರ ಭವನದ ಕತೆ ಬೇರೆ. 1851ರಲ್ಲಿ ವಿಯೆಟ್ನಾಮಿನ ಕಾವಲು ಹಡಗಿನವರು ಕಡಲ್ಗಳ್ಳರೆಂಬ ನೆಪದಲ್ಲಿ ಕೊಂದ 108 ಮಂದಿ ಹೈನಾನ್ ವರ್ತಕರ ಸ್ಮರಣೆಗಾಗಿ ಕಟ್ಟಿದ್ದು ಅದು. ದೂರದಿಂದ ಬಂದವರನ್ನು ಊರು ಯಾವಾಗಲೂ ಆದರಿಸಿತೆಂದು ತಿಳಿಯುವವರಿಗೆ ಆ ಭವನ ಒಂದು ಎಚ್ಚರಿಕೆ.

ಇನ್ನು ಮೊದಲಿನ ಪ್ರಶ್ನೆಗೆ ಬರೋಣ. ಇಷ್ಟೆಲ್ಲ ವೈಭವ ಕಂಡ ಊರು ಉಳಿದದ್ದು ಯಾರ ದೂರದೃಷ್ಟಿಯಿಂದಲೂ ಅಲ್ಲ. ಹದಿನೆಂಟನೆಯ ಶತಮಾನದ ಕೊನೆಯಲ್ಲಿ ತಾಯ್ ಸೋನ್ ದಂಗೆಯ ಕಾಲದ ಕಾಳಗಗಳು ಬಂದರನ್ನು ಹಾಳುಮಾಡಿದವು. ಊರು ಮತ್ತೆ ಚೇತರಿಸಿಕೊಳ್ಳುವಷ್ಟರಲ್ಲಿ ನದಿ ಹೂಳು ತುಂಬಿಕೊಂಡಿತು. ದೊಡ್ಡ ಹಡಗುಗಳು ಒಳಬರಲಾರದೆ ಡಾ ನಾಂಗ್ ಕಡೆ ತಿರುಗಿದವು. ಫ್ರೆಂಚರು ತಮ್ಮ ಬಂದರನ್ನು ಅಲ್ಲಿಯೇ ಬೆಳೆಸಿದರು. ವ್ಯಾಪಾರ ಹೋದ ಮೇಲೆ ಹಳೆಯ ಮನೆ ಕೆಡವಿ ಹೊಸತು ಕಟ್ಟಲು ಯಾರ ಬಳಿಯೂ ಹಣವಿರಲಿಲ್ಲ, ಕಾರಣವೂ ಇರಲಿಲ್ಲ. ಬಡತನ ಮತ್ತು ಮರೆವು ಸೇರಿ ಹೊಯಿ ಆನ್ ಅನ್ನು ಕಾಪಾಡಿದವು. ಯುದ್ಧ ಮುಗಿದ ನಂತರ, 1980ರ ದಶಕದಲ್ಲಿ ಅದರ ಬೆಲೆಯನ್ನು ಮೊದಲು ಕಂಡು ಹೇಳಿದವರಲ್ಲಿ ಒಬ್ಬರು ಪೋಲೆಂಡಿನ ವಾಸ್ತುಶಿಲ್ಪಿ ಕಜಿಮಿಯೆರ್ಜ್ ಕ್ವಿಯಾಟ್ಕೋವ್ಸ್ಕಿ. 1997ರಲ್ಲಿ ವಿಯೆಟ್ನಾಮಿನಲ್ಲಿಯೇ ತೀರಿಕೊಂಡ ಅವರಿಗೆ ಊರಿನವರು ಹಳೆಯ ಬೀದಿಯಲ್ಲಿ ಸ್ಮಾರಕ ನಿಲ್ಲಿಸಿದ್ದಾರೆ.

ಕ್ವಿಯಾಟ್ಕೋವ್ಸ್ಕಿ ಅವರನ್ನು ಈ ಭಾಗಕ್ಕೆ ಕರೆತಂದದ್ದು ಮಿ ಸನ್ ದೇವಾಲಯಗಳ ರಕ್ಷಣೆಯ ಕೆಲಸ. ಮೂರು ತಾಸಿನ ನಡಿಗೆಯಲ್ಲಿ ಕೈಬಿಟ್ಟುಹೋಗುವ ಅಧ್ಯಾಯವೂ ಅದೇ. ಜಪಾನೀಯರು, ಚೀನೀಯರು ಮಾತ್ರವಲ್ಲ, ವಿಯೆಟ್ನಾಮೀಯರೂ ಬರುವ ಮೊದಲು ಈ ಅಳಿವೆ ಚಂಪಾ ರಾಜ್ಯದ ಬಂದರಾಗಿತ್ತು. 1471ರಲ್ಲಿ ವಿಜಯ ಎಂಬ ರಾಜಧಾನಿ ಬಿದ್ದ ಬಳಿಕ ಚಂಪಾ ದಕ್ಷಿಣಕ್ಕೆ ಸರಿಯಿತು. ಹೊಯಿ ಆನ್‌ನಿಂದ ಸುಮಾರು 40 ಕಿಲೋಮೀಟರ್ ದೂರದ ಕಣಿವೆಯಲ್ಲಿರುವ ಮಿ ಸನ್ ಅವರ ಪುಣ್ಯಕ್ಷೇತ್ರ. ನಾಲ್ಕನೆಯ ಶತಮಾನದಲ್ಲಿ ಭದ್ರವರ್ಮ ಅಲ್ಲಿ ಭದ್ರೇಶ್ವರ ಲಿಂಗವನ್ನು ಸ್ಥಾಪಿಸಿದ. ಸಂಸ್ಕೃತದ ಶಾಸನಗಳು ಅಲ್ಲಿವೆ. ಅವುಗಳ ಲಿಪಿ ದಕ್ಷಿಣ ಭಾರತದ ಬ್ರಾಹ್ಮೀ ಕವಲಿನದು. ಕನ್ನಡದ ಅಕ್ಷರಗಳೂ ಬಂದದ್ದು ಅದೇ ಮೂಲದಿಂದ. 1969ರಲ್ಲಿ ಅಮೆರಿಕದ ಬಾಂಬುಗಳು ಅಲ್ಲಿನ ಅತ್ಯಂತ ಭವ್ಯ ಗೋಪುರವನ್ನು ಉರುಳಿಸಿದವು. ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆ 2017ರಿಂದ 2022ರವರೆಗೆ ಮೂರು ದೇವಾಲಯ ಸಮೂಹಗಳಲ್ಲಿ ಜೀರ್ಣೋದ್ಧಾರ ನಡೆಸಿತು. ಆ ಕೆಲಸದ ನಡುವೆ 2020ರಲ್ಲಿ ಒಂಬತ್ತನೆಯ ಶತಮಾನದ ಮರಳುಗಲ್ಲಿನ ಶಿವಲಿಂಗವೊಂದು ದೊರೆಯಿತು.

ಹೊಯಿ ಆನ್ ಊರೊಳಗೇ ಚಂಪಾದ ಕುರುಹು ಬೇಕೆಂದರೆ ಬಾ ಲೆ ಎಂಬ ಬಾವಿಯಿದೆ. ಊರಿನ ಪ್ರಸಿದ್ಧ ತಿನಿಸಾದ ಕಾವ್ ಲಾವ್ ಶ್ಯಾವಿಗೆಗೆ ಅದೇ ಬಾವಿಯ ನೀರು ಬೇಕೆಂಬುದು ರೂಢಿ. ಸೇತುವೆಯ ಬಗ್ಗೆಯೂ ಒಂದು ಐತಿಹ್ಯವಿದೆ. ಭೂಮಿಯಡಿ ಮಲಗಿರುವ ದೈತ್ಯ ಮೀನಿನ ತಲೆ ಭಾರತದಲ್ಲಿ, ಬಾಲ ಜಪಾನಿನಲ್ಲಿ, ಬೆನ್ನು ಇಲ್ಲಿ. ಅದು ಮಿಸುಕಾಡಿ ಭೂಕಂಪ ಆಗದಿರಲೆಂದು ಬೆನ್ನಿಗೆ ಇರಿದ ಕತ್ತಿಯೇ ಈ ಸೇತುವೆಯಂತೆ. ಹಳೆಯ ಕಡಲ ವ್ಯಾಪಾರದ ಭೂಪಟವನ್ನು ಜನರ ಕಲ್ಪನೆ ಹೀಗೆ ನೆನಪಿಟ್ಟುಕೊಂಡಿದೆ.

ಇಂದು ಹೊಯಿ ಆನ್‌ನ ಸಂಕಟ ತಿರುವುಮುರುವಾಗಿದೆ. ಮರೆವು ಉಳಿಸಿದ್ದನ್ನು ಈಗ ಖ್ಯಾತಿಯಿಂದ ಉಳಿಸಿಕೊಳ್ಳಬೇಕು. 2019ರಲ್ಲಿ ಇಲ್ಲಿಗೆ ಬಂದವರ ಸಂಖ್ಯೆ 50 ಲಕ್ಷವನ್ನು ಮೀರಿತ್ತು. ಹಳೆಯ ಬೀದಿಗಳಲ್ಲಿ ಮನೆಗಳು ಒಂದೊಂದಾಗಿ ದರ್ಜಿ ಅಂಗಡಿ, ಕಾಫಿ ಅಂಗಡಿ, ದೀಪದ ಅಂಗಡಿಗಳಾಗಿವೆ. ಬಾಡಿಗೆಯ ಹಣ ಕಂಡ ಮನೆಯೊಡೆಯರು ಊರ ಹೊರಗೆ ಹೊಸ ಮನೆಗೆ ಹೋಗುವುದು ಸಹಜ. ಅವರನ್ನು ದೂರುವ ಹಕ್ಕು ಒಂದು ಸಂಜೆಗೆ ಬಂದುಹೋಗುವವರಿಗೆ ಇಲ್ಲ. ಆದರೆ ಮನೆಯವರಿಲ್ಲದ ಮನೆಯಲ್ಲಿ ನೆರೆಯ ಗುರುತನ್ನು ಮುಂದೆ ಗೋಡೆಗೆ ಎಳೆಯುವವರು ಯಾರು?

ಊರಿನವರಿಗೆ ಈ ಕಳವಳ ಇಲ್ಲವೆಂದಲ್ಲ. 2023ರಲ್ಲಿ ಹಳೆಯ ಪಟ್ಟಣಕ್ಕೆ ಕಾಲಿಡುವ ಪ್ರತಿಯೊಬ್ಬ ಪ್ರವಾಸಿಯೂ ಟಿಕೆಟ್ ಕೊಳ್ಳಬೇಕೆಂಬ ಪ್ರಸ್ತಾವ ಬಂದಾಗ ಟೀಕೆ ಎದ್ದು ಅದನ್ನು ಮುಂದೂಡಬೇಕಾಯಿತು. ಸೇತುವೆಯನ್ನು ಕಳಚಿ ದುರಸ್ತಿಗೊಳಿಸಿ 2024ರ ಆಗಸ್ಟ್‌ನಲ್ಲಿ ಮತ್ತೆ ತೆರೆದಾಗ, ಹೊಸ ಬಣ್ಣ ಹಳೆಯ ಕಳೆಯನ್ನು ಅಳಿಸಿತೆಂದು ಅನೇಕರು ಆಕ್ಷೇಪಿಸಿದರು. ಶಿಥಿಲ ಮರವನ್ನು ಹಾಗೆಯೇ ಬಿಟ್ಟಿದ್ದರೆ ಸೇತುವೆಯೇ ಇರುತ್ತಿರಲಿಲ್ಲ ಎಂದು ಉಳಿದವರು ವಾದಿಸಿದರು. ಮಳೆ, ನೆರೆ, ಗೆದ್ದಲುಗಳ ನಡುವೆ ನಿಂತ ಮರದ ಕಟ್ಟಡವನ್ನು ಹಾಗೆಯೇ ಇಟ್ಟುಕೊಳ್ಳಲಾಗದು. ಆಗಾಗ ಮರ ಬದಲಿಸುತ್ತಲೇ ಇರಬೇಕು. ಆ ಮರಗೆಲಸ ಬಲ್ಲವರು ಇರುವವರೆಗೆ ಮಾತ್ರ ಅದು ಸಾಧ್ಯ. ಬಣ್ಣದ ಚರ್ಚೆಗಿಂತ ಈ ಮಾತು ದೊಡ್ಡದು.

ನದಿಯಂತೂ ಯಾರ ಚರ್ಚೆಗೂ ಕಾಯುವುದಿಲ್ಲ. 2025ರ ಅಕ್ಟೋಬರ್ ಕೊನೆಯಲ್ಲಿ ಥು ಬೋನ್ ಉಕ್ಕಿ ಹಳೆಯ ಪಟ್ಟಣವನ್ನು ಮುಳುಗಿಸಿತು. ಜನರನ್ನು ದೋಣಿಗಳಲ್ಲಿ ಸಾಗಿಸಬೇಕಾಯಿತು. ಸಮೀಪದ ಕುವಾ ಡಾಯ್ ಕಡಲತೀರವನ್ನು ಅಲೆಗಳು ಹತ್ತು ವರ್ಷಗಳಿಗೂ ಮೇಲ್ಪಟ್ಟು ಕೊರೆಯುತ್ತಿವೆ.

ಹಾಗಾದರೆ ಮೂರು ತಾಸಿನ ಪ್ರವಾಸಿ ಏನು ಮಾಡಬಹುದು? ಸಂಜೆಯ ಜಂಗುಳಿಯ ಬದಲು ಅಂಗಡಿ ತೆರೆಯುವ ಮೊದಲಿನ ಬೆಳಗನ್ನು ಆರಿಸಿಕೊಳ್ಳಬಹುದು. ತಪಾಸಣೆ ಇಲ್ಲದ ಬೀದಿಯಲ್ಲಿಯೂ ಟಿಕೆಟ್ ಕೊಂಡೇ ನಡೆಯಬಹುದು. ಹಳೆಯ ಮನೆಗಳ ದುರಸ್ತಿಗೆ ಆ ಹಣ ಬೇಕು. ಮಾರ್ಗದರ್ಶಿ ಚಂಪಾದ ಹೆಸರೆತ್ತದಿದ್ದರೆ ತಾನೇ ಕೇಳಬಹುದು, ಮಿ ಸನ್‌ಗೆ ಇನ್ನೊಂದು ಅರ್ಧ ದಿನ ಎತ್ತಿಡಬಹುದು. ಸಮಯ ಉಳಿದರೆ ಊರ ಹೊರಗಿನ ಗದ್ದೆಯ ನಡುವೆ ಇರುವ ಜಪಾನೀ ವರ್ತಕ ತಾನಿ ಯಾಜಿರೊಬೆಯ ಸಮಾಧಿಯವರೆಗೆ ಹೋಗಿಬರಬಹುದು. ತಾಯ್ನಾಡು ಕರೆದಾಗ ಹಡಗು ಹತ್ತಿದವನು, ಇಲ್ಲಿಯ ಪ್ರೇಯಸಿಯನ್ನು ಬಿಟ್ಟಿರಲಾರದೆ ಮರಳಿ ಬಂದನೆಂದು ಜನ ಹೇಳುತ್ತಾರೆ. ಸಮಾಧಿಯ ಮೇಲಿನ ವರ್ಷ 1647. ಅದರ ಮುಖ ಈಶಾನ್ಯಕ್ಕೆ, ಜಪಾನಿನ ಕಡೆಗೆ ಇದೆ. ಸುತ್ತಲಿನ ಗದ್ದೆಯನ್ನು ಉಳುವವರು ಮಾತ್ರ ಈ ಊರಿನವರು.